ಬೆನ್ನ ಹಿಂದಿನ ಗೋಡೆ

ಈ ಕತೆಯನ್ನು ನನಗೆ ಮೊದಲು ಹೇಳಿದವಳು ಹಾಸ್ಟೆಲಿನ ಅಡುಗೆಮನೆಯ ಸುಬ್ಬಕ್ಕ. ಈರುಳ್ಳಿ ಹೆಚ್ಚುತ್ತಲೇ ಹೇಳುತ್ತಿದ್ದಳು. ಹಾಗಾಗಿ ಅಳು ಯಾವುದಕ್ಕೆಂದು ನಮಗೆ ತಿಳಿಯುತ್ತಿರಲಿಲ್ಲ.

ಬಹಳ ಹಿಂದೆ ಒಂದು ರಾಜ್ಯದಲ್ಲಿ ಕೆರೆಯ ನೀರಿಗೆ ನೆನಪಿತ್ತು. ತನ್ನಲ್ಲಿ ಬಿದ್ದ ಬಿಂಬವನ್ನು ಅದು ಬಿಡುತ್ತಿರಲಿಲ್ಲ. ಊರೂರಿನ ಕೆರೆಯ ನೀರನ್ನು ಕೊಡಗಳಲ್ಲಿ ತುಂಬಿ ಗುಹೆಗಳಲ್ಲಿ ಇಡುತ್ತಿದ್ದರು. ಆಸ್ಥಾನದಲ್ಲಿ ಹಳೆಯ ಕತೆ ನಡೆಯುವಾಗ ತಕ್ಕ ಕೊಡವನ್ನು ಹುಡುಕಿ ತರುವುದು ನಾಗಲೆ ಎಂಬ ಹುಡುಗಿಯ ಕೆಲಸ. ನೀರನ್ನು ತಟ್ಟೆಗೆ ಸುರಿದು, ಸೂರ್ಯನಿಗೆ ಮುಖಮಾಡಿ ಎತ್ತಿ ಹಿಡಿದರೆ, ಬೆನ್ನ ಹಿಂದಿನ ಗೋಡೆಯ ಮೇಲೆ ಅಂದಿನ ಜನ ಓಡಾಡುತ್ತಿದ್ದರು. ಹಿಡಿದವಳು ಮಾತ್ರ ತಿರುಗುವಂತಿಲ್ಲ. ತಿರುಗಿದರೆ ನೀರು ಕದಡಿ ಚಿತ್ರ ಒಡೆಯುತ್ತಿತ್ತು. ಕತೆಗಾರನಿಗೆ ಶಾಲು, ನಾಗಲೆಗೆ ತೋಳುನೋವು.

ಧೂಮಕನೆಂಬ ಮಂತ್ರವಾದಿ ತನ್ನ ತಾವರೆಗೊಳಕ್ಕಾಗಿ ಹೊಳೆಸಾಲೆಂಬ ಊರನ್ನು ಮುಳುಗಿಸಿ, ಹೊರಗಿನವರೆಲ್ಲರ ಮನಸ್ಸಿನಿಂದಲೂ ಅದನ್ನು ಅಳಿಸಿದ. ತಪ್ಪಿಸಿಕೊಂಡು ಬಂದವರು "ನಮ್ಮೂರು ಇಲ್ಲಿತ್ತು" ಅಂದಾಗ ಅವರನ್ನು ಆಸ್ಥಾನದ ಅಂಗಳದಲ್ಲೇ ಕಲ್ಲು ಮಾಡಿದ.

"ಆ ಊರನ್ನು ಯಾರಾದರೂ ತೋರಿಸಲಿ," ಎಂದ ರಾಜ.

"ತೋರಿಸಿದರೆ ಕಲ್ಲುಗಳೇ ಎದ್ದು ಬಂದಾವು ಪ್ರಭು," ಎಂದು ಧೂಮಕ ನಕ್ಕ. "ಇಲ್ಲದ ಊರನ್ನ ಎಲ್ಲಿಂದ ತರ್ತಾರೆ?"

ನಾಗಲೆ ಹೊರಟಳು. ಕೂಸಾಗಿದ್ದಾಗ ಗುಹೆಯ ಬಾಗಿಲಲ್ಲಿ ಬುಟ್ಟಿಯಲ್ಲಿ ಸಿಕ್ಕವಳು. ಅವಳ ದಾರಿ ಕಾಯುವವರು ಯಾರೂ ಇರಲಿಲ್ಲ.

ಮೊದಲ ಗುಹೆಯನ್ನು ಹಾವು ಕಾಯುತ್ತಿತ್ತು. ಹೊಳೆಸಾಲಿನ ಕೊಡವನ್ನೇನೋ ಕೊಟ್ಟಿತು. ಒಳಗೆ ನೀರು ಒಣಗಿತ್ತು.

ಎರಡನೆಯದನ್ನು ಕರಡಿ ಕಾಯುತ್ತಿತ್ತು. "ಬಾಯಾರಿತ್ತು ತಾಯಿ, ಕುಡಿದ್ಬಿಟ್ಟೆ," ಎಂದಿತು. ಆಮೇಲೆ ಅವಳ ಮುಖವನ್ನೇ ನೋಡಿ, "ಆ ನೀರಲ್ಲಿ, ನಿನ್ನ ಕೆನ್ನೆ ಮಚ್ಚೆಯಂಥದ್ದೇ ಮಚ್ಚೆ ಇರೋ ಕೂಸನ್ನ ಎತ್ಕೊಂಡು ಒಬ್ಬಳು ಕೆರೆ ಮೆಟ್ಟಿಲಲ್ಲಿ ನಿಂತಿದ್ದಳು," ಎಂದಿತು.

"ನಮ್ಮಮ್ಮ! ಹೇಗಿದ್ದಳು?"

"ನೀರು ಸಿಹಿಯಾಗಿತ್ತು. ಮುಖ ಯಾರು ನೋಡಿದ್ರು? ಅದೇ ಬೆಳಗಿನ ಇನ್ನೊಂದು ಕೊಡ ಮುಂದಿನ ಗುಹೇಲಿದೆ, ಹೋಗು."

ಮೂರನೆಯ ಗುಹೆಗೆ ಕಾವಲೇ ಇರಲಿಲ್ಲ. ಕೊಡದ ತಳದಲ್ಲಿ ಒಂದು ತಟ್ಟೆಯಷ್ಟು ನೀರು. ಮೂಸಿ ನೋಡಿದಳು, ಹುಳಿ ವಾಸನೆ. ಇನ್ನು ಒಂದೇ ಸಲ ತೋರಿಸಿ ಆರಿಹೋಗುವ ನೀರು. ತಟ್ಟೆಯನ್ನು ನೆಲದ ಮೇಲಿಟ್ಟು, ಸುರಿದು ಬಗ್ಗಿದರೆ ಅಮ್ಮನ ಮುಖ. ಆದರೆ ಇಲ್ಲೇ ಸುರಿದರೆ ಕಲ್ಲಾದವರು ಕಲ್ಲೇ. ನಾಗಲೆ ನೆರಳು ಸರಿಯುವವರೆಗೂ ಅಲ್ಲೇ ಕೂತಿದ್ದಳು. ಆಮೇಲೆ ಕೊಡದ ಬಾಯಿಗೆ ಬಟ್ಟೆ ಕಟ್ಟಿ ಸೊಂಟಕ್ಕೇರಿಸಿದಳು.

ಮರುಬೆಳಗ್ಗೆ ಆಸ್ಥಾನದಲ್ಲಿ ತಟ್ಟೆ ಎತ್ತಿ ಹಿಡಿದಳು. ಬೆನ್ನ ಹಿಂದೆ ಜನ ಉಸಿರೆಳೆದುಕೊಂಡರು.

"ಅಯ್ಯೋ, ಊರೇ ಕಣ್ರೋ!"

"ಆ ಕೂಸಿನ ಕೆನ್ನೆ ನೋಡ್ರೇ! ನಮ್ಮ ನಾಗಲೇನೇ! ಅವರಮ್ಮ ನಗ್ತಿದಾಳೆ ಕಣೇ!"

ಧೂಮಕ ಅವಳ ಕಿವಿಯ ಬಳಿ ಬಂದ. "ತಿರುಗು ಮಗಳೇ. ಒಂದೇ ಒಂದು ಸಲ. ನಿನ್ನನ್ನೇ ನೋಡ್ತಿದಾಳೆ."

ತೋಳು ಸೋತಿತು, ಕಣ್ಣೀರು ಕುತ್ತಿಗೆಗೆ ಇಳಿಯಿತು. ತಟ್ಟೆ ಮಾತ್ರ ಅಲುಗಲಿಲ್ಲ. ಅಂಗಳದ ಕಲ್ಲುಗಳು ಕೆಮ್ಮುತ್ತ ಎದ್ದವು. ಧೂಮಕ ಹೊಗೆಯಾಗಿ ಹೋದ. ತಟ್ಟೆ ಒಣಗಿತು. ಆಗ ನಾಗಲೆ ತಿರುಗಿದಳು. ಸುಣ್ಣ ಬಳಿದ ಗೋಡೆ ಇತ್ತು.

ಕೊಳ ಒಡೆದರು, ಊರು ಕಟ್ಟಿದರು, ಎಲ್ಲರೂ ಸುಖವಾಗಿ ಬಾಳಿದರು. ಎದ್ದವರಲ್ಲಿ ನಾಗಲೆಯ ಅಮ್ಮ ಇರಲಿಲ್ಲ. ಅವಳು ಮನೆಮನೆಗೆ ಹೋಗಿ "ಹೇಗಿದ್ದಳು?" ಎಂದು ಕೇಳಿದಳು. ಒಬ್ಬರು ಹಸಿರು ಸೀರೆ ಅಂದರು, ಒಬ್ಬರು ಕೆಂಪು. ಎತ್ತರ ಅಂದರು, ಗಿಡ್ಡ ಅಂದರು. ಎಲ್ಲವನ್ನೂ ಅವಳು ನಂಬಿದಳು.

ಕೇಳಿದಿರಲ್ಲ, ಇನ್ನೊಬ್ಬರಿಗೆ ಹೇಳಿ. ಹೇಳುತ್ತಾ ಹೋದರೆ ಆ ಗೋಡೆ ನೋಡಿದವರ ಕಡೆಯವರು ಯಾರಾದರೂ ಸಿಕ್ಕಾರು. ಅವಳ ಅಮ್ಮ ಮೂಗುತಿ ಹಾಕಿದ್ದಳೋ ಇಲ್ಲವೋ, ಅದನ್ನು ಇನ್ನೂ ಯಾರೂ ಹೇಳಿಲ್ಲ.