ಕಾಣೆಯಾದ ಎರಡನೇ ಕಾರ್ಡು

ನಾಳೆ ಕಲೆಕ್ಟರ ಮುಂದೆ ವಿಚಾರಣೆ ಅನ್ನುವಾಗ, ಬೀಗ ಹಾಕಿದ ಟ್ರಂಕಿನಿಂದ ಕ್ಯಾಮೆರಾದ ಕಾರ್ಡೊಂದು ಮಾಯವಾಗಿತ್ತು.

ಗುಜರಾತಿನ ಕಚ್ಛದ ಸಣ್ಣ ರಣವೆಂಬ ಉಪ್ಪುಬಯಲಿನಲ್ಲಿ ಉಪ್ಪು ತೆಗೆಯುವ ಮೂವರು ಹೆಂಗಸರು ಎರಡು ವರ್ಷದಿಂದ ಸಾಕ್ಷ್ಯಚಿತ್ರವೊಂದನ್ನು ಮಾಡುತ್ತಿದ್ದರು. ಕಾರ್ಖಾನೆಯ ಕೊಳಚೆ ಉಪ್ಪಿನ ಮಡಿಗಳಿಗೆ ನುಗ್ಗುವುದನ್ನು ತೋರಿಸಿ ಮಡಿಗಳನ್ನು ಉಳಿಸಿಕೊಳ್ಳಬೇಕೆಂಬುದು ಅವರ ಹಟ. ಮುಂದೆ ನಿಂತು ಮಾತಾಡುವವಳು ಜೀವಿ. ಕ್ಯಾಮೆರಾ ಹೊರುವವಳು ಊರಿಗೆ ಸೊಸೆಯಾಗಿ ಬಂದ ಮೋಂಘಿ. ಹೆಡ್‌ಫೋನ್ ಹಾಕಿಕೊಂಡು ಧ್ವನಿ ನೋಡಿಕೊಳ್ಳುವವಳು ಕಂಕು. ಪತ್ರಿಕೆಯಲ್ಲಿ ಬಂದದ್ದು ಮಾತ್ರ ಜೀವಿಯ ಫೋಟೊ. ಅದನ್ನು ನೋಡಿದ ದಿನ ಕಂಕು ಪತ್ರಿಕೆಯನ್ನು ಮಡಚಿ ಒಲೆಗೆ ಹಾಕಿದ್ದಳು.

ಊರಿನಲ್ಲಿ ಏನು ಕಳೆದರೂ ಜನ ಹೋಗುತ್ತಿದ್ದುದು ಮುದಿ ಸೂಲಗಿತ್ತಿ ರೂಖಿಬಾಳ ಬಳಿಗೆ. ಹುಡುಕಾಟದಲ್ಲಿ ಅವಳ ಬೆನ್ನಿಗೇ ಇದ್ದು ನೆರವಾಗುತ್ತಿದ್ದವಳು ಕಂಕು. ಈ ಸಲ ಮಾತ್ರ ಕಂಕು ಎರಡು ಹೆಜ್ಜೆ ಹಿಂದೆಯೇ ನಡೆದಳು. ಟ್ರಂಕಿನ ಕೀಲಿ ಇರುವ ಜಾಗ ಗೊತ್ತಿದ್ದದ್ದು ಮೂವರಿಗೇ. ತನ್ನ ಹೊಟ್ಟೆಕಿಚ್ಚು ರೂಖಿಬಾಳಿಗೆ ಕಾಣದೆ ಇದ್ದೀತೇ?

ಕಾರ್ಖಾನೆಯ ಕೂಲಿಗಳ ಮೇಸ್ತ್ರಿಯಾದ ಮುಕಾದಮನೇ ಕದಿಸಿದ್ದಾನೆಂದು ಜೀವಿ ಹಟ ಹಿಡಿದಳು. ರೂಖಿಬಾ ಟ್ರಂಕನ್ನು ತೆರೆಸಿ ನೋಡಿದಳು. ಕೊಳಚೆ ಬಿಡುವುದನ್ನು ಕಣ್ಣಾರೆ ಕಂಡ ಮುದುಕ ಬೇಚರನ ಸಾಕ್ಷಿ ಇದ್ದ ಮೊದಲ ಕಾರ್ಡು ಅಲ್ಲೇ ಇತ್ತು; ಹೋಗಿದ್ದದ್ದು ಜೀವಿ ಮಾತಾಡುವ ಎರಡನೆಯದು. ಹಿಂದಿನ ದಿನ ತುಂಬಿಸಿಟ್ಟಿದ್ದ ಕ್ಯಾಮೆರಾ ಬ್ಯಾಟರಿ ಅರ್ಧ ಇಳಿದಿತ್ತು. ಹೆಡ್‌ಫೋನನ್ನು ಪರೀಕ್ಷಿಸಲು ಹಾಕಿಕೊಂಡ ಕಂಕು, ಅದು ಕಿವಿಯಿಂದ ಕೆಳಕ್ಕೆ ಜಾರುತ್ತಿದೆಯೆಂದು ಗೊಣಗಿದಳು.

ಸಂಜೆ ಎಲ್ಲರನ್ನೂ ಬಾವಿಯ ಬಳಿ ಕೂಡಿಸಿ ರೂಖಿಬಾ ಬಿಡಿಸಿ ಹೇಳಿದಳು. ಮುಕಾದಮನಾಗಿದ್ದರೆ ಎರಡೂ ಕಾರ್ಡು ಒಯ್ಯುತ್ತಿದ್ದ. ಬೇಚರನ ಮಾತೇ ಅವನಿಗೆ ಹೆಚ್ಚು ಅಪಾಯ. ಕದ್ದವರು ಕೂತು ಎರಡನ್ನೂ ನೋಡಿ, ಜೀವಿ ಮಾತಾಡುವುದನ್ನಷ್ಟೇ ಆರಿಸಿಕೊಂಡಿದ್ದರು. ಬ್ಯಾಟರಿ ಇಳಿದದ್ದು ಅದಕ್ಕೇ. ಆ ಹೊತ್ತಿನಲ್ಲಿ ಹೆಡ್‌ಫೋನಿನ ಪಟ್ಟಿಯನ್ನೂ ಅಗಲಿಸಿದ್ದರು; ಕಂಕುವಿನ ಕಿವಿಯಿಂದ ಅದು ಜಾರಿದ್ದು ಅದಕ್ಕೇ.

"ಜೀವಿ, ಕಂಕು ಈ ಊರಲ್ಲೇ ಹುಟ್ಟಿದ ಹೆಣ್ಣುಮಕ್ಕಳು, ತವರಲ್ಲಿ ಮುಸುಕಿಲ್ಲ. ಬರಿದಲೆಯಲ್ಲೇ ಹೆಡ್‌ಫೋನ್ ಹಾಕ್ಕೋತಾರೆ. ತಲೆ ಮೇಲಿನ ಸೆರಗಿನ ಸಮೇತ ಹಾಕ್ಕೊಂಡವಳು ಈ ಊರಿನ ಸೊಸೆ" ಎಂದು ರೂಖಿಬಾ ಮೋಂಘಿಯ ಕಡೆ ತಿರುಗಿದಳು. "ಎಲ್ಲಿಟ್ಟಿದ್ದೀಯವ್ವಾ?"

ಮೋಂಘಿ ಮುಸುಕನ್ನು ಇನ್ನಷ್ಟು ಕೆಳಕ್ಕೆ ಎಳೆದುಕೊಂಡಳು. "ಸಜ್ಜೆ ಹಿಟ್ಟಿನ ಡಬ್ಬಿಯಲ್ಲಿ" ಎಂದಳು. "ಎರಡು ವರ್ಷ ಭಾರ ಹೊತ್ತು ಹೆಗಲು ಹುಣ್ಣಾಯ್ತು. ಎಲ್ಲಾದರೂ ನಾನು ಕಾಣಿಸ್ತೀನಾ ಅಂತ ನೋಡ್ತಾ ಕೂತೆ. ನನ್ನ ನೆರಳೂ ಇಲ್ಲ."

ಜೀವಿ ಎದ್ದುಬಂದಳು. ಹೊಡೆಯುತ್ತಾಳೆಂದುಕೊಂಡರು ಎಲ್ಲರೂ. "ನಾಳೆ ಕಲೆಕ್ಟರ ಎದುರಿಗೆ ನೀನೇ ಮಾತಾಡು, ಭಾಭಿ" ಎಂದು ಆ ಅತ್ತಿಗೆಯನ್ನು ತಬ್ಬಿಕೊಂಡಳು.

ಮರುದಿನ ಮೋಂಘಿ ಮಾತಾಡಿದಳು. ಚಿತ್ರ ನೋಡಿದ ಕಲೆಕ್ಟರು ಕೊಳಚೆ ಕಾಲುವೆಯನ್ನು ಮುಚ್ಚಲು ಅಲ್ಲೇ ಆದೇಶ ಬರೆದರು. ಹೊರಗೆ ಜನ ಜೀವಿಯನ್ನೂ ಮೋಂಘಿಯನ್ನೂ ಮುತ್ತಿಕೊಂಡರು. ಏನನ್ನೂ ಕದಿಯದ ಕಂಕು ತಂತಿಗಳನ್ನು ಸುತ್ತುತ್ತ ಗೋಡೆಗೆ ಆತು ನಿಂತಿದ್ದಳು. ಅವಳ ಹೊಟ್ಟೆಯಲ್ಲಿ ಈಗ ಇಬ್ಬರ ಮೇಲೂ ಕಿಚ್ಚು.