ನಿಂತ ಹಡಗಿನ ನೆರಳಲ್ಲಿ

"ಕಣ್ಣು ಕಾಣಲ್ವಾ ನಿಮಗೆ?"

ಐಸಾ ಟೆನಂಟ್‌ಳ ಧ್ವನಿ ಕೋಪಕ್ಕೆ ನಡುಗುತ್ತಿತ್ತು. ಹಡಗುಕಟ್ಟೆಯ ಗೇಟಿನ ಬಳಿ, ಅವಳ ಕಾಲ ಬುಡದ ಕೆಸರು ನೀರಿನಲ್ಲಿ ನಕ್ಷೆಯ ಬಟ್ಟೆ ಬಿಚ್ಚಿಕೊಂಡು ಬಿದ್ದಿತ್ತು. ಕಟ್ಟೆಯ ನಕ್ಷೆ ಕಚೇರಿಯಲ್ಲಿ ಅವಳು ಮೂರು ವಾರ ಬೆನ್ನು ಬಗ್ಗಿಸಿ, ಉಸಿರು ಬಿಗಿಹಿಡಿದು ಎಳೆದ ಗೆರೆಗಳು. ಬಟ್ಟೆಯ ಗಂಜಿ ನೀರಿಗೆ ಕರಗುತ್ತಿದ್ದಂತೆ ಒಂದೊಂದೇ ಕದಡಿಹೋಗುತ್ತಿದ್ದವು.

ಢಿಕ್ಕಿ ಹೊಡೆದವನು ಎತ್ತರದ ಆಳು. ಮುಖದ ತುಂಬ ಮಸಿ.

"ತಪ್ಪಾಯ್ತು..." ಎಂದು ಬಗ್ಗಿ, ನಕ್ಷೆಯನ್ನು ಎತ್ತಿ ತನ್ನ ತೋಳಿನಿಂದಲೇ ಒರೆಸಲು ಹೋದ. ತೋಳಿನ ಮಸಿಯೂ ಅದಕ್ಕೆ ಮೆತ್ತಿಕೊಂಡಿತು.

"ಮುಟ್ಟಬೇಡಿ! ಹತ್ತು ಗಂಟೆಗೆ ಇದು ಸಾಹೇಬರ ಮೇಜಿನ ಮೇಲಿರಬೇಕಿತ್ತು. ಏನಂತ ಹೇಳ್ಲಿ ನಾನು?"

ಅವನು ಒಂದು ಕ್ಷಣ ಅವಳ ಮುಖ ನೋಡಿದ. ಆ ನೋಟದಲ್ಲಿ ತಪ್ಪು ಮಾಡಿದವನ ಅಳುಕಿರಲಿಲ್ಲ. ಸಾವಿನ ಸುದ್ದಿ ತಂದವನ ಸಂಕಟವಿತ್ತು.

"ಏನೂ ಹೇಳೋದು ಬೇಡ. ಈ ನಕ್ಷೆ ಇನ್ನು ಯಾರಿಗೂ ಬೇಕಾಗಲ್ಲ. ಹಡಗು ನಿಂತುಹೋಯ್ತು."

ಐಸಾ ಆಗ ತಲೆಯೆತ್ತಿ ನೋಡಿದಳು. ಗೇಟಿಗೆ ನೋಟಿಸು ಅಂಟಿಸಿದ್ದರು. ಅದರ ಮುಂದೆ ನೂರಾರು ಗಂಡಸರು ಟೋಪಿ ಕೈಲಿ ಹಿಡಿದು ನಿಂತಿದ್ದರು. ಐನೂರ ಮೂವತ್ತನಾಲ್ಕನೇ ನಂಬರಿನ ಹಡಗಿನ ಕೆಲಸ ಇವತ್ತಿಗೆ ನಿಂತಿತು. ಎಲ್ಲರಿಗೂ ರಜೆ. ಮತ್ತೆ ಯಾವಾಗ ಅಂತ ಅದರಲ್ಲಿ ಬರೆದಿರಲಿಲ್ಲ.

ಅದು ಸಾವಿರದ ಒಂಬೈನೂರ ಮೂವತ್ತೊಂದರ ಡಿಸೆಂಬರ್. ಅಟ್ಲಾಂಟಿಕ್ ದಾಟಿ ನ್ಯೂಯಾರ್ಕಿಗೆ ಹೋಗಬೇಕಾದ, ಜಗತ್ತಿನಲ್ಲೇ ಅಷ್ಟು ದೊಡ್ಡದಿಲ್ಲ ಅನ್ನಿಸಿಕೊಂಡ ಹಡಗು ಕ್ಲೈಡ್ ನದಿಯ ದಂಡೆಯಲ್ಲಿ ಮುಕ್ಕಾಲುಪಾಲು ಎದ್ದು ನಿಂತಿತ್ತು. ಇನ್ನೂ ಹೆಸರಿಟ್ಟಿರಲಿಲ್ಲ. ಲಂಡನ್ನಿನ ಬ್ಯಾಂಕುಗಳಲ್ಲಿ ಏನೋ ಕುಸಿಯಿತಂತೆ, ಇಲ್ಲಿ ಕ್ಲೈಡ್‌ಬ್ಯಾಂಕಿನಲ್ಲಿ ಮೂರು ಸಾವಿರ ಒಲೆಗಳು ತಣ್ಣಗಾದವು.

"ಹೆಕ್ಟರ್, ಬಾರಯ್ಯ. ಸಾಮಾನು ಎತ್ಕೊಳೋಣ."

ಗುಂಪಿನಿಂದ ಬಂದವನು ಐಸಾಳ ಅಪ್ಪ ಆರ್ಚಿ. ಮೂವತ್ತು ವರ್ಷದಿಂದ ಹಡಗಿನ ತಗಡು ಬೆಸೆಯುವ ರಿವೆಟ್ ಮೊಳೆ ಬಡಿದು ಕಿವಿ ಅರ್ಧ ಕಳಕೊಂಡವನು. ಅವನು ಹೊರಗಿನಿಂದ ಬಡಿಯುವಾಗ ತಗಡಿನ ಒಳಗಿನಿಂದ ಭಾರದ ಸುತ್ತಿಗೆ ಒತ್ತಿ ಹಿಡಿಯುವವನು ಒಬ್ಬನಿದ್ದಾನೆ, ಮುಲ್ ದ್ವೀಪದವನು, ಚಿನ್ನದಂಥ ಆಳು ಅಂತ ದಿನಾ ಹೇಳುತ್ತಿದ್ದ. ಹೆಕ್ಟರ್ ಮೆಕ್‌ಫೇಲ್.

"ಇವರು ನಿಮ್ಮ ಮಗಳಾ, ಯಜಮಾನ್ರೇ?"

"ಯಾಕೆ, ಬೈದಳಾ? ಅವರಮ್ಮನ ಬಾಯಿ ಬಂದಿದೆ. ಒಗ್ಗಿಸ್ಕೋ."

ಅಂಥ ದಿನದಲ್ಲೂ ಹೆಕ್ಟರ್ ನಕ್ಕ. ಐಸಾಗೆ ಅವನ ಮೇಲೆ ಇನ್ನಷ್ಟು ಸಿಟ್ಟು ಬಂತು. ಆದರೆ ಮನೆಗೆ ಹೋದ ಮೇಲೂ ಆ ನಗುವೇ ನೆನಪಿಗೆ ಬರುತ್ತಿತ್ತು.

* * *

ಅಮ್ಮ ತೀರಿಹೋಗಿ ನಾಲ್ಕು ವರ್ಷ. ವಠಾರದ ಮೂರನೇ ಮಹಡಿಯ ಮನೆಯಲ್ಲಿ ಅಪ್ಪ, ಮಗಳು ಇಬ್ಬರೇ. ಅಡುಗೆಮನೆಯ ಕಿಟಕಿ ತೆರೆದರೆ ಛಾವಣಿಗಳ ಮೇಲೆ ಎದ್ದು ನಿಂತ ಹಡಗು. ಮೊದಲು ಕೆಂಪಗಿತ್ತು, ಆಮೇಲೆ ತುಕ್ಕು ಹಿಡಿದು ಕಂದಿತು. ಅದರ ಸಂದುಗಳಲ್ಲಿ ಹಕ್ಕಿಗಳು ಗೂಡು ಕಟ್ಟಿದವು.

ಆರ್ಚಿ ಆ ಕಿಟಕಿಯ ಮುಂದೆ ಕುರ್ಚಿ ಹಾಕಿಕೊಂಡು ಕೂರುವುದನ್ನು ಕಲಿತ.

ಭಾನುವಾರ ಹೆಕ್ಟರ್ ಬರುತ್ತಿದ್ದ. ಬಾರ್ಲಿ ಸಾರು ಕುಡಿಯುತ್ತಿದ್ದ. ಊಟವಾದ ಮೇಲೆ ಅವನೂ ಐಸಾಳೂ ಕಾಲುವೆಯ ದಂಡೆಯಲ್ಲಿ ನಡೆಯುತ್ತಿದ್ದರು. 'ನೀವು' ಯಾವ ಭಾನುವಾರ 'ನೀನು' ಆಯಿತೋ ಇಬ್ಬರಿಗೂ ಗೊತ್ತಾಗಲಿಲ್ಲ.

"ಹಡಗಿನ ಕೆಲಸ ಶುರುವಾದ ವಾರವೇ ಮದುವೆ," ಎಂದಿದ್ದ ಹೆಕ್ಟರ್.

ಬೇಸಿಗೆ ಕಳೆಯಿತು. ಚಳಿಗಾಲ ಬಂತು, ಹೋಯಿತು. ಹಡಗು ಮಾತ್ರ ಹಾಗೇ ನಿಂತಿತ್ತು. ಐಸಾಗೆ ಬ್ರೆಡ್ಡಿನ ಅಂಗಡಿಯಲ್ಲಿ ಕೆಲಸ ಸಿಕ್ಕಿತು. ಹೆಕ್ಟರ್‌ಗೆ ಏನೂ ಸಿಗಲಿಲ್ಲ. ಬೂಟು ಸವೆಸಿಕೊಂಡು ನದಿಯುದ್ದಕ್ಕೂ ಅಲೆದ. ಎಲ್ಲ ಕಟ್ಟೆಗಳ ಗೇಟಿಗೂ ಬೀಗ.

ಮೂವತ್ತಮೂರರ ಮಾರ್ಚಿನಲ್ಲಿ ಐಸಾಳೇ ಬಾಯಿಬಿಟ್ಟು ಕೇಳಿದಳು.

"ಹೆಕ್ಟರ್, ಆ ಹಡಗು ಮೇಲೆದ್ದು ಬಂದು ನಮಗೆ ಉಂಗುರ ತೊಡಿಸುತ್ತಾ? ಈಗಲೇ ಮದುವೆ ಆಗೋಣ."

"ಏನು ಇಟ್ಟು ಸಾಕಲಿ ನಿನ್ನ?"

"ಸಾಕು ಅಂತ ನಾನು ಕೇಳಿದ್ನಾ? ನಾನು ದುಡೀತಿದ್ದೀನಲ್ಲ."

"ಅದೇ ಆಗಲ್ಲ, ಐಸಾ." ಅವನು ಕಾಲುವೆಯ ನೀರನ್ನೇ ನೋಡುತ್ತಿದ್ದ. "ನೀನು ತಂದ ಬ್ರೆಡ್ಡು ತಿಂದ್ಕೊಂಡು, ನಿಮ್ಮಪ್ಪನ ಪಕ್ಕ ಇನ್ನೊಂದು ಕುರ್ಚಿ ಹಾಕ್ಕೊಂಡು ಕೂರಲಾ?"

ಅವಳಿಗೆ ಚುಚ್ಚಿತು. ಅಪ್ಪನಿಗೆ ಅಂದ ಮಾತಾ ಅದು? ಇಲ್ಲ, ನನ್ನನ್ನು ಬೇಡವೆನ್ನಲು ಹುಡುಕಿದ ನೆಪವಾ? ಕೇಳಲಿಲ್ಲ. ಮುಖ ತಿರುಗಿಸಿಕೊಂಡು ನಡೆದಳು.

ಹದಿನೈದು ದಿನಕ್ಕೆ ಅವನು ಊರಲ್ಲೇ ಇರಲಿಲ್ಲ. ಬಿಡಾರದ ಯಜಮಾನಿಯ ಕೈಲಿ ಒಂದು ಚೀಟಿ ಕೊಟ್ಟು ಹೋಗಿದ್ದ.

'ಕೆಲಸ ಸಿಕ್ಕಿದೆ. ಎಲ್ಲಿ ಅಂತ ಈಗ ಕೇಳಬೇಡ. ಬರ್ತೀನಿ.'

ಏಪ್ರಿಲ್ ಆಯಿತು, ಮೇ, ಜೂನ್... ಬರಲಿಲ್ಲ.

* * *

ಸುದ್ದಿ ತಂದವಳು ಪಕ್ಕದ ಮನೆಯ ಹ್ಯಾಗರ್ಟಿಯಮ್ಮ. ಆರ್ಚಿ ಗಂಜಿ ತಿನ್ನುತ್ತಿದ್ದಾಗಲೇ ಬಂದಳು.

"ಗೊತ್ತಾಯ್ತೇನಮ್ಮ ಐಸಾ? ನಿಮ್ಮ ಹೆಕ್ಟರ್ ಇನ್ವರ್‌ಕೀಥಿಂಗ್‌ನಲ್ಲಿದ್ದಾನಂತೆ. ಹಡಗು ಒಡೆಯೋ ಕಟ್ಟೇಲಿ. ನನ್ನ ತಮ್ಮ ಕಣ್ಣಾರೆ ನೋಡಿದ. ಯಾವ ಹಡಗು ಅಂತೀಯಾ... ಸಿಲೂರಿಯಾ."

ಆರ್ಚಿಯ ಚಮಚ ಬಟ್ಟಲಲ್ಲೇ ನಿಂತಿತು.

ಕಿವಿ ಮಂದವಾದರೂ ಆ ಹೆಸರು ಅವನಿಗೆ ಕೇಳಿಸಿತ್ತು. ಸಿಲೂರಿಯಾ ಅವನು ಮೊದಲು ರಿವೆಟ್ ಬಡಿದ ಹಡಗು. ಅದನ್ನು ಕಟ್ಟುವಾಗ ಅವನ ಅಣ್ಣ ರಾಬ್ ಅಟ್ಟಣಿಗೆಯ ಹಲಗೆಯಿಂದ ಜಾರಿ ಬಿದ್ದು ಸತ್ತಿದ್ದ. ಇಪ್ಪತ್ತಾರು ವರ್ಷ ಅಟ್ಲಾಂಟಿಕ್ ದಾಟಿದ ಆ ಹಡಗು ಕ್ಲೈಡ್‌ಗೆ ಬಂದಾಗಲೆಲ್ಲ ಆರ್ಚಿ ದಂಡೆಗೆ ಹೋಗಿ ಟೋಪಿ ತೆಗೆದು ನಿಲ್ಲುತ್ತಿದ್ದ.

ಹ್ಯಾಗರ್ಟಿಯಮ್ಮ ಹೋದ ಮೇಲೆ ಅವನು ಮೆಲ್ಲಗೆ ಹೇಳಿದ.

"ಇನ್ನು ಈ ಮನೇಲಿ ಅವನ ಹೆಸರು ಎತ್ತಬೇಡ ಮಗಳೇ."

ಐಸಾಗೆ ನಂಬಿಕೆ ಬರಲಿಲ್ಲ. ಬುಧವಾರ ಮಧ್ಯಾಹ್ನ ಅಂಗಡಿಗೆ ರಜೆ. ಅಪ್ಪನಿಗೆ ಹೇಳದೆ ರೈಲು ಹತ್ತಿದಳು.

ಬೇಲಿಯ ಸಂದಿನಿಂದಲೇ ಕಂಡಿತು. ಹೊಟ್ಟೆ ಬಗೆದ ತಿಮಿಂಗಿಲದಂತೆ ಬಿದ್ದಿದ್ದ ಸಿಲೂರಿಯಾ. ಅದರ ಪಕ್ಕೆಯ ಮೇಲೆ ಕೂತು, ಕಪ್ಪು ಕನ್ನಡಕ ಹಾಕಿಕೊಂಡು, ಬೆಂಕಿಯ ಕೊಳವೆಯಿಂದ ತಗಡು ಕತ್ತರಿಸುತ್ತಿದ್ದವನು ಹೆಕ್ಟರ್.

ಅವನು ತಲೆ ಎತ್ತಿದ. ಕನ್ನಡಕ ತೆಗೆದ. ಅವಳನ್ನು ಕಂಡ.

ಬಾ... ಕೆಳಗಿಳಿದು ಬಾ... ಒಂದು ಮಾತು ಆಡು ಹೆಕ್ಟರ್. ಅವಳ ಮನಸ್ಸು ಕೂಗುತ್ತಿತ್ತು.

ಅವನು ಇಳಿಯಲಿಲ್ಲ. ತಲೆ ತಗ್ಗಿಸಿದ. ಅಷ್ಟೇ.

ಐಸಾ ವಾಪಸ್ ಬಂದಳು. ಆಗಸ್ಟಿನಲ್ಲಿ ಅವನ ಕೈಬರಹದ ಲಕೋಟೆ ಬಂತು. ಅರ್ಧ ದಿನ ಅದನ್ನು ಎದುರಿಗಿಟ್ಟುಕೊಂಡು ಕೂತಳು. ಕಿಟಕಿಯ ಮುಂದೆ ಅಪ್ಪ ಕೆಮ್ಮುತ್ತಿದ್ದ. ಒಡೆದು ಓದಿದರೆ ಕರಗಿಬಿಡುತ್ತೇನೆ ಅಂತ ಅವಳಿಗೆ ಗೊತ್ತಿತ್ತು. ಒಡೆಯದೆ ತಿರುಗಿ ಕಳಿಸಿಬಿಟ್ಟಳು.

ಆಮೇಲೆ ಬೇರೆ ಕಾಗದ ಬರಲಿಲ್ಲ. ಬೇಡವೆಂದವಳು ತಾನೇ ಆದರೂ, ಅಂಚೆಯವನ ಹೆಜ್ಜೆ ಮೆಟ್ಟಿಲ ಮೇಲೆ ಕೇಳಿದಾಗೆಲ್ಲ ಅವಳ ಎದೆ ಹೊಡೆದುಕೊಳ್ಳುತ್ತಿತ್ತು.

* * *

ಮೂವತ್ತನಾಲ್ಕರ ಮಾರ್ಚ್ ಕೊನೆಗೆ ಊರಿಗೆಲ್ಲ ಜೀವ ಬಂತು. ಸರ್ಕಾರ ಸಾಲ ಕೊಟ್ಟಿತಂತೆ. ಈಸ್ಟರ್ ಮುಗಿದ ಮಂಗಳವಾರ ಹಡಗಿನ ಕೆಲಸ ಶುರು.

ಆರ್ಚಿ ಕ್ಷೌರ ಮಾಡಿಕೊಂಡ. ಅಂಗಿಗೆ ಇಸ್ತ್ರಿ ಹಾಕಿಸಿಕೊಂಡ. ಗುರುವಾರ ಮೇಸ್ತ್ರಿ ಪೊಲಾಕ್ ಮೆಟ್ಟಿಲು ಹತ್ತಿ ಬರುವ ಹೊತ್ತಿಗೆ ಬಾಗಿಲಲ್ಲೇ ನಿಂತಿದ್ದ.

ಪೊಲಾಕ್ ಕುರ್ಚಿ ಕೊಟ್ಟರೂ ಕೂರಲಿಲ್ಲ.

"ಆರ್ಚಿ... ಹೇಗೆ ಹೇಳ್ಲಿ. ಪಟ್ಟೀಲಿ ನಿನ್ನ ಹೆಸರಿಲ್ಲ ಕಣಯ್ಯ. ಡಾಕ್ಟರು ನಿನ್ನ ಎದೆ ಒಪ್ಪಲಿಲ್ಲ."

"ಒಂದು ವಾರ ನೋಡಿ. ಒಂದೇ ವಾರ."

"ನನ್ನ ಕೈಲಿಲ್ಲ ಆರ್ಚಿ."

ಐಸಾ ಅಪ್ಪನ ಮುಖ ನೋಡಲಾರದೆ ಒಲೆಯ ಕಡೆ ತಿರುಗಿದಳು. ಅಪ್ಪ ಯಾರ ಮುಂದೆಯೂ ಬೇಡಿದ್ದನ್ನು ಅವಳು ಅಲ್ಲಿಯವರೆಗೆ ಕಂಡಿರಲಿಲ್ಲ.

"ಹೆಕ್ಟರ್ ಮೆಕ್‌ಫೇಲ್ ಹೆಸರಿದೆ," ಎಂದ ಪೊಲಾಕ್, ಹೊರಡುವಾಗ. "ಈಗ ರಿವೆಟ್ ಬಡಿಯೋಕೇ ತಗೋತಾರೆ. ನಿನ್ನ ಜಾಗಕ್ಕೆ. ಎಲ್ಲಿದ್ದಾನೆ ಅವನು? ಮಂಗಳವಾರ ಗೇಟಲ್ಲಿ ಇಲ್ದಿದ್ರೆ ಇನ್ನೊಬ್ಬನ್ನ ತಗೋತಾರೆ."

ಆರ್ಚಿ ಅವನ ಹಿಂದೆ ಬಾಗಿಲು ಹಾಕಿದ.

ಶುಕ್ರವಾರ ಇಡೀ ದಿನ ಅವನು ಕಿಟಕಿಯ ಮುಂದೆ ಕೂತಿದ್ದ. ಶನಿವಾರ ಬೆಳಗ್ಗೆ ಅದೇ ಇಸ್ತ್ರಿ ಮಾಡಿದ ಅಂಗಿ ತೊಟ್ಟು, ಕೋಟು ಹಾಕಿಕೊಂಡು ಮಗಳ ಮುಂದೆ ಬಂದು ನಿಂತ.

"ಅಂಗಡಿಗೆ ಹೇಳಿ ಬಾ. ಇನ್ವರ್‌ಕೀಥಿಂಗ್‌ಗೆ ಹೋಗ್ಬೇಕು."

"ಅಪ್ಪ... ನೀನೇ ಅಲ್ವಾ ಅವನ ಹೆಸರು ಎತ್ತಬೇಡ ಅಂದಿದ್ದು?"

"ಹೆಸರು ಎತ್ತಲ್ಲ. ಆಳನ್ನ ಕರ್ಕೊಂಡು ಬರೋಣ."

* * *

ಸಿಲೂರಿಯಾದ ತಳದ ಒಂದಿಷ್ಟು ಪಕ್ಕೆಲುಬುಗಳು ಮಾತ್ರ ಕೆಸರಿನಲ್ಲಿ ಉಳಿದಿದ್ದವು. ಆರ್ಚಿ ಅದನ್ನು ಬಹಳ ಹೊತ್ತು ನೋಡಿದ. ಹೆಕ್ಟರ್ ಹತ್ತು ಹೆಜ್ಜೆ ದೂರದಲ್ಲಿ, ಬಂದು ನಿಲ್ಲಲೋ ಬೇಡವೋ ಎಂಬಂತೆ ನಿಂತಿದ್ದ. ಬಡಕಲಾಗಿದ್ದ.

"ರಾಬ್ ಬಿದ್ದ ಜಾಗ..." ಆರ್ಚಿ ಕೆಸರಿನತ್ತ ಕೈ ತೋರಿಸಿದ.

"ಅದನ್ನ ಬೇರೆಯವರ ಕೈಗೆ ಕೊಡಲಿಲ್ಲ, ಯಜಮಾನ್ರೇ. ನಾನೇ ಬಿಚ್ಚಿದೆ. ಟೋಪಿ ತೆಗೆದಿಟ್ಟು ಬಿಚ್ಚಿದೆ."

ಗಾಳಿ ಬೀಸುತ್ತಿತ್ತು. ಕೊನೆಗೆ ಆರ್ಚಿ, ಐಸಾ ಊಹಿಸಿಯೇ ಇರದ ಒಂದು ಪ್ರಶ್ನೆ ಕೇಳಿದ.

"ನನ್ನ ರಿವೆಟ್‌ಗಳು ಹೇಗಿದ್ವು?"

"ಬರಲೇ ಇಲ್ಲ."

"ಏನು? ಜೋರಾಗಿ ಹೇಳು."

"ಬರಲೇ ಇಲ್ಲ ಯಜಮಾನ್ರೇ!" ಹೆಕ್ಟರ್ ಅವನ ಕಿವಿಯ ಹತ್ತಿರ ಬಂದ. "ಬೇರೆಯವರದ್ದು ಬೆಂಕಿ ತಾಕಿಸಿ ಒಂದೇಟು ಹಾಕಿದ್ರೆ ಉದುರ್ತಿದ್ವು. ನೀವು ಬಡಿದಿದ್ದೆ ಅಂತ ಹೇಳ್ತಿದ್ರಲ್ಲ ಎಡಗಡೆ ಮೂತಿ, ಅಲ್ಲಿಗೆ ಬಂದಾಗ ಮೂರು ದಿನ ಹಿಡೀತು. ಇವುನ್ನ ಬಡಿದವನು ಯಾವನೋ ಅಂತ ನಮ್ಮ ಮೇಸ್ತ್ರಿ ನಿಮ್ಮ ಏಳು ತಲೆಮಾರು ಬೈದ."

ಆರ್ಚಿ ನಕ್ಕ. ನಗು ಕೆಮ್ಮಾಯಿತು, ಕೆಮ್ಮು ನಿಂತಾಗ ಕೆನ್ನೆ ಒದ್ದೆಯಾಗಿತ್ತು. ಅವನು ಹೆಕ್ಟರ್‌ನ ಭುಜ ಹಿಡಿದುಕೊಂಡ.

"ಮಂಗಳವಾರ ಗೇಟಿಗೆ ಹೋಗು. ನನ್ನ ಜಾಗ. ತಡ ಮಾಡಬೇಡ."

ಅಷ್ಟು ಹೇಳಿ ಅವನು ನೀರಿನ ಕಡೆಗೆ ನಡೆದುಹೋದ.

ಐಸಾ ನಿಂತಲ್ಲೇ ನಿಂತಿದ್ದಳು.

"ಆವತ್ತು ಯಾಕೆ ಇಳಿದು ಬರಲಿಲ್ಲ?"

"ನಿಮ್ಮಪ್ಪ ಕಟ್ಟಿದ್ದನ್ನ ಒಡೀತಾ ಕೂತಿದ್ದೆ ಐಸಾ. ಕೆಲಸ ಒಪ್ಕೊಂಡಾಗ ಯಾವ ಹಡಗು ಅಂತ ಗೊತ್ತಿರಲಿಲ್ಲ. ಗೊತ್ತಾದ ಮೇಲೆ ಬಿಟ್ಟು ಬರೋಣ ಅಂದ್ರೆ... ಮತ್ತೆ ನಿನ್ನ ಮುಂದೆ ಬರಿಗೈಲಿ ನಿಲ್ಲಬೇಕಿತ್ತು. ಯಾವ ಮುಖ ಇಟ್ಕೊಂಡು ಇಳಿದು ಬರಲಿ?"

"ಕಾಗದದಲ್ಲಿ ಏನು ಬರೆದಿದ್ದೆ?"

"ಇಲ್ಲೊಂದು ಕೋಣೆ ನೋಡಿದ್ದೀನಿ, ಬರ್ತೀಯಾ ಅಂತ. ಹಡಗಿಗೆ ಕಾಯೋದು ಬೇಡ, ನೀನು ಹೇಳಿದ್ದೇ ಸರಿ ಅಂತ."

ಐಸಾ ಲೆಕ್ಕ ಹಾಕಿದಳು. ಎಂಟು ತಿಂಗಳು... ಅಂಟು ಕೀಳದ ಒಂದು ಲಕೋಟೆಗೆ ಎಂಟು ತಿಂಗಳು.

"ನಾನು ಓದಲಿಲ್ಲ ಹೆಕ್ಟರ್... ಓದಿದ್ರೆ ಅಪ್ಪನ್ನ ಬಿಟ್ಟು ಬಂದ್ಬಿಡ್ತಿದ್ದೆ. ಆ ಹೆದರಿಕೇಗೇ ಓದಲಿಲ್ಲ."

ಅವನು ಕೈಗವಸು ತೆಗೆದು ಅಲ್ಲೇ ಕಬ್ಬಿಣದ ರಾಶಿಯ ಮೇಲಿಟ್ಟ. ಸುಟ್ಟ ಗಾಯಗಳಿದ್ದ ಆ ಕೈಗಳನ್ನು ಅವಳು ಹಿಡಿದುಕೊಂಡಳು. ಇಬ್ಬರೂ ಅತ್ತರು.

* * *

ಮಂಗಳವಾರ ಬೆಳಗ್ಗೆ ಕ್ಲೈಡ್‌ಬ್ಯಾಂಕಿನ ಬೀದಿ ಬೀದಿಯೂ ತುಂಬಿತ್ತು. ಮುಂದೆ ಬ್ಯಾಗ್‌ಪೈಪ್ ಊದುವವರು, ಅವರ ಹಿಂದೆ ನಾನೂರು ಜನ ಕೆಲಸಗಾರರು. ಇಪ್ಪತ್ತೇಳು ತಿಂಗಳ ಮೇಲೆ ಗೇಟು ತೆರೆಯಿತು.

ಆರ್ಚಿ ಪಾದಚಾರಿ ಕಟ್ಟೆಯ ಮೇಲೆ ಮಗಳ ತೋಳು ಹಿಡಿದು ನಿಂತಿದ್ದ. ಜೊತೆಗೆ ದುಡಿದವರು ಸಾಲಿನಿಂದ ಕೈ ಬೀಸಿದರೆ ಅವನೂ ಬೀಸುತ್ತಿದ್ದ. ಅವನ ಬೆರಳುಗಳು ತನ್ನ ತೋಳನ್ನು ಎಷ್ಟು ಬಿಗಿಯಾಗಿ ಅದುಮುತ್ತಿವೆ ಎಂಬುದು ಐಸಾಗೆ ಮಾತ್ರ ಗೊತ್ತಿತ್ತು. ಅವನಿಗಾಗಿ ಏನೂ ಮಾಡಲಾರಳು. ಜೊತೆಗೆ ನಿಲ್ಲಬಲ್ಲಳು, ಅಷ್ಟೇ.

ಹೆಕ್ಟರ್ ಸಾಲು ಬಿಟ್ಟು ಅವರ ಬಳಿ ಬಂದ. ಆರ್ಚಿಯ ಎದುರು ನಿಂತ.

"ಯಜಮಾನ್ರೇ, ನೀವಿರಬೇಕಿತ್ತು..."

"ಹೋಗೋ, ಸಾಲು ಮುಂದೆ ಹೋಯ್ತು," ಎಂದು ಆರ್ಚಿ ಅವನ ಬೆನ್ನಿಗೊಂದು ಗುದ್ದು ಕೊಟ್ಟ. ಆಮೇಲೆ ಆ ಕಡೆ ಮುಖ ಮಾಡಿಕೊಂಡ.

ಹೆಕ್ಟರ್ ಐಸಾಳನ್ನು ನೋಡಿದ.

"ಐದೂವರೆಗೆ ಬಿಡ್ತಾರೆ. ಅಲ್ಲಿವರೆಗೆ ಕಾಯ್ತೀಯಾ?"

"ಇಲ್ಲ."

ಅವನ ಮುಖ ಸಣ್ಣಗಾಯಿತು.

"ಕಾದಿದ್ದು ಸಾಕಾಯ್ತು ಹೆಕ್ಟರ್. ಅಪ್ಪನ್ನ ಮನೆಗೆ ಬಿಟ್ಟು ಪಾದ್ರಿಗಳ ಹತ್ರ ಹೋಗ್ತೀನಿ. ನೀನು ಬರೋಷ್ಟರಲ್ಲಿ ಮದುವೆ ದಿನ ಕೇಳ್ಕೊಂಡು ಬಂದಿರ್ತೀನಿ."

"ಯಾವತ್ತು ಅಂದ್ರೂ ಒಪ್ಕೋ," ಎಂದ ಅವನು, ಧ್ವನಿ ಒಡೆದು. "ನಾಳೆ ಅಂದ್ರೂ ಒಪ್ಕೋ."

"ನಾಳೆ ಕೆಲಸ ಇದೆಯಲ್ಲ ನಿಂಗೆ," ಎಂದಳು ಐಸಾ. ಎಷ್ಟೋ ಕಾಲದ ಮೇಲೆ ಆ ಮಾತು ಬಾಯಿಗೆ ಬಂದಿತ್ತು. ಹೇಳುತ್ತಲೇ ಅವಳ ಕಣ್ಣು ತುಂಬಿತು.