ಉಸಿರಿನ ನೀರು

ಬಟ್ಟೆ ಒಣಗಿಸುವ ಹಬೆಶೋಷಕದ ಬಾಗಿಲು ತೆರೆದಾಗ ದುರ್ಯೋಧನನ ಕೆಂಪು ಮಖಮಲ್ಲಿನ ಅಂಗಿ ಒಂದು ಸುಕ್ಕೂ ಇಲ್ಲದೆ ಬೆಚ್ಚಗೆ ಹೊರಬಂತು. ಇಂದುಮತಿ ಪತ್ತಾರ ಅದನ್ನು ಕೆನ್ನೆಗೆ ಒತ್ತಿಕೊಂಡು ನಕ್ಕಳು. ವಿಜಯಪುರದ ನಾಟಕ ಕಂಪನಿಯೊಂದರ ಉಡುಪುಗಳೆಲ್ಲ ಅವಳ ಸುಪರ್ದಿನಲ್ಲಿದ್ದವು. ಯಂತ್ರವನ್ನು ರೂಪಿಸಿದ ವಿಜ್ಞಾನಿ ಡಾ. ಗುರುಲಿಂಗ ಹಂಚಿನಾಳ ಮಾತ್ರ ನಗಲಿಲ್ಲ. ಅವರ ಕಣ್ಣು ನೆಲದ ಮೇಲೆ ಹರಿಯುತ್ತಿದ್ದ ನೀರಿನ ಮೇಲಿತ್ತು.

ಬಟ್ಟೆ ಒಣಗಿಸುವುದಷ್ಟೇ ಆದರೆ ಯಂತ್ರಕ್ಕೆ ನೀರು ಬೇಡ. ಸುಕ್ಕು ಬಿಡಿಸಲು, ಬೆವರಿನ ವಾಸನೆ ಕಳೆಯಲು ಹಬೆ ಬೇಕು. ಹಬೆಗೆ ತಣ್ಣೀರಿನ ಬೇರೆಯೇ ನಳ ಬೇಕು. ಆದರೆ ಆ ಕಾಲಕ್ಕೆ ಊರಿನ ಜಲಮಂಡಳಿ ತಲೆಯೆಣಿಸಿ ನೀರು ಕೊಡುತ್ತಿತ್ತು. ಒಗೆದ ಬಟ್ಟೆಯಿಂದ ಇಳಿದ ನೀರನ್ನೂ ಮರಳಿ ಪಡೆಯುತ್ತಿತ್ತು. ಹಬೆಗೆಂದು ಎರಡನೆಯ ನಳ ಕೇಳಿದವರನ್ನು ಕಚೇರಿಯಲ್ಲಿ ವಿಚಿತ್ರವಾಗಿ ನೋಡುತ್ತಿದ್ದರು. ಜನ ಕುಡಿಯುವ ನೀರಿನಲ್ಲೇ ಉಳಿಸಿ ಯಂತ್ರಕ್ಕೆ ಸುರಿಯುವುದನ್ನು ಕಂಡು ಹಂಚಿನಾಳರು ನಳವಿಲ್ಲದ ಹಬೆಶೋಷಕವನ್ನು ಕಟ್ಟಿದ್ದರು. ಅದರ ಬೆನ್ನಿಗಿದ್ದ ‘ತೇವಗ್ರಾಹಿ’ ಎಂಬ ಜಾಲರಿ ಕೋಣೆಯ ಗಾಳಿಯಲ್ಲಿನ ತೇವವನ್ನು ಹೀರಿ, ತಣಿಸಿ, ತೊಟ್ಟಿಗೆ ಇಳಿಸುತ್ತಿತ್ತು.

ಪರೀಕ್ಷೆಗಾಗಿ ಇಂದುಮತಿಯ ಮನೆಯ ಹಿಂಬದಿಯ ಉಡುಪಿನ ಕೋಣೆಯನ್ನು ಆರಿಸಿದ್ದರು. ಆ ಒಣ ಬೇಸಿಗೆಯಲ್ಲಿ, ಮುಚ್ಚಿದ ಕೋಣೆಯಲ್ಲಿ, ತೊಟ್ಟಿ ಕಾಲುಭಾಗ ತುಂಬಿದರೂ ಗೆದ್ದಂತೆ ಎಂದುಕೊಂಡಿದ್ದರು. ಅದು ದಿನವೂ ತುಂಬಿ ಚೆಲ್ಲುತ್ತಿದೆ ಎಂದು ಇಂದುಮತಿಯೇ ಹೇಳಿಕಳುಹಿಸಿದ್ದಳು.

ಹಂಚಿನಾಳರು ಒಂದು ಹನಿಯನ್ನು ಕೈಯಳತೆಯ ವಿಶ್ಲೇಷಕಕ್ಕೆ ಹಾಕಿದರು. ಪರದೆಯ ಮೇಲೆ ಮೂಡಿದ್ದನ್ನು ಕಂಡು, ಒರೆಸಿ, ಮತ್ತೊಂದು ಹನಿ ಹಾಕಿದರು.

“ಅಕ್ಕಾರ, ಈ ಕೋಣ್ಯಾಗ ಯಾರು ಇರ್ತಾರ?”

ಯಾರೂ ಇಲ್ಲ, ಪೆಟ್ಟಿಗೆಗಳಷ್ಟೇ ಎಂದಳು ಇಂದುಮತಿ.

“ಇದು ಬರೇ ಗಾಳಿಯ ನೀರಲ್ಲರಿ. ಮನುಷ್ಯಾರ ಉಸಿರಿಂದು. ಮೊದಲ ದಿನ ನಾ ತಗೊಂಡ ನಿಮ್ಮ ಉಸಿರಿಗೆ ಹೊಂದೂದು ಇದರಾಗ ಸ್ವಲ್ಪ. ಉಳಿದದ್ದೆಲ್ಲಾ ಬ್ಯಾರೆ ಒಬ್ಬರದು.”

ಪ್ರತಿಯೊಬ್ಬರ ಉಸಿರಿಗೂ ತನ್ನದೇ ಗುರುತಿರುತ್ತದೆ, ಅದಕ್ಕೆ ‘ಶ್ವಾಸಮುದ್ರೆ’ ಎನ್ನುತ್ತೇವೆ ಎಂದು ಅವರು ವಿವರಿಸತೊಡಗಿದರು. ಇಂದುಮತಿಗೆ ಅದೊಂದೂ ಕೇಳಿಸಲಿಲ್ಲ. ಕೆನ್ನೆಗೊತ್ತಿದ್ದ ಅಂಗಿ ಅವಳ ಕೈಯಿಂದ ಜಾರಿ ನೀರಿನಲ್ಲಿ ಬಿತ್ತು.

ಆಗ ಮೂಲೆಯಲ್ಲಿ ನಿಲ್ಲಿಸಿದ್ದ, ಅರಮನೆಯ ಚಿತ್ರವಿದ್ದ ನಾಟಕದ ಪರದೆಯ ಹಿಂದಿನಿಂದ ದನಿಯೊಂದು ಬಂತು.

“ಅಂಜಬ್ಯಾಡ ಇಂದೂ. ನಾನ ಅದೀನಿ.”

ಹೊರಬಂದವನು ರಾಚಪ್ಪ. ಅದೇ ಕೆಂಪು ಅಂಗಿ ತೊಟ್ಟು ವರ್ಷಗಟ್ಟಲೆ ದುರ್ಯೋಧನನಾಗಿ ಗುಡುಗಿದ ನಟ. ಕಂಪನಿ ಬಿಟ್ಟು ಸೊಲ್ಲಾಪುರದ ಅಕ್ಕನ ಮಗಳ ಮನೆಗೆ ಹೋಗುತ್ತೇನೆಂದಾಗ ಬಸ್ಸು ಹತ್ತಿಸಿ ಬಂದವಳೇ ಇಂದುಮತಿ. ಅಂಥ ಅಕ್ಕನ ಮಗಳು ಯಾರೂ ಇರಲಿಲ್ಲ. ಅವನಿದ್ದ ವಠಾರವನ್ನು ಕೆಡವಿದ್ದರು. ಮನೆಯಿಲ್ಲದವನ ಹೆಸರನ್ನು ಜಲಮಂಡಳಿ ನೀರಿನ ಪಟ್ಟಿಯಿಂದ ತೆಗೆದುಹಾಕಿತ್ತು. ಈ ಉಡುಪಿನ ಕೋಣೆಯ ಹಿತ್ತಲ ಬಾಗಿಲಿನ ಕೀಲಿಕೈ, ಕಂಪನಿಯಲ್ಲಿದ್ದಾಗ ಪಡೆದದ್ದು, ಅವನ ಬಳಿಯೇ ಉಳಿದಿತ್ತು.

“ನನಗ ಒಂದ್ ಮಾತು ಹೇಳಬಾರದಿತ್ತಾ?” ಎಂದಳು ಅವಳು.

“ಹೇಳಿದ್ರ ನಿನ್ನ ನೀರಾಗ ಅರ್ಧ ನನಗ ಕೊಡ್ತಿದ್ದಿ. ರಾತ್ರಿ ಗುಡಿ ಮುಂದಿನ ನಳದಾಗ ಸೋರೂ ನೀರು ಕುಡಕೊಂಡು ಇದ್ದೆ.”

ಅವಳು ಒಳಗಿನಿಂದ ತಂಬಿಗೆ ತುಂಬ ನೀರು ತಂದು ಅವನ ಮುಂದಿಟ್ಟು, ಕುಡಿದು ಮುಗಿಸುವವರೆಗೂ ಅಲ್ಲೇ ನಿಂತಳು. ಹಂಚಿನಾಳರು ಯಾರಿಗೂ ಹೇಳುವುದಿಲ್ಲವೆಂದು ಮಾತು ಕೊಟ್ಟು ಹೊರಟರು.

ಮಾತನ್ನು ಅವರು ಉಳಿಸಿಕೊಂಡರು. ಹೆಸರನ್ನಾಗಲಿ ಮನೆಯನ್ನಾಗಲಿ ಎಲ್ಲೂ ಹೇಳಲಿಲ್ಲ. ಆದರೆ ಜಲಮಂಡಳಿಯ ಸಭೆಯಲ್ಲಿ, ತಮ್ಮ ಯಂತ್ರ ಉಸಿರನ್ನು ಗುರುತಿಸಬಲ್ಲದು, ಒಂಟಿಯಾಗಿ ಕಾಯಿಲೆಬಿದ್ದವರ ಸುಳಿವು ಇದರಿಂದ ಸಿಕ್ಕೀತು ಎಂದುಬಿಟ್ಟರು. ಮಂಡಳಿಯವರಿಗೆ ಬೇರೆಯೇ ಕೇಳಿಸಿತು. ಮಳೆಗಾಲ ಮುಗಿಯುವಷ್ಟರಲ್ಲಿ ಆಜ್ಞೆ ಹೊರಬಿತ್ತು: ಪ್ರತಿ ಮನೆಗೂ ನಳವಿಲ್ಲದ ಹಬೆಶೋಷಕ ಉಚಿತ, ನೋಂದಾಯಿಸದ ಉಸಿರು ಸಿಕ್ಕ ಮನೆಯ ನಳ ಬಂದ್.

ಅದನ್ನು ಓದಿದವರೇ ಹಂಚಿನಾಳರು ಪ್ರಯೋಗಾಲಯದ ಕೆಲಸ ಬಿಟ್ಟು ಎದ್ದರು. ಮಂಡಳಿಗೆ ಓಡಿದರು, ಬೇಡಿಕೊಂಡರು. ಯಂತ್ರ ಈಗ ನಿಮ್ಮದಲ್ಲ ಎಂದರು ಅಲ್ಲಿಯವರು. ಹೆಚ್ಚೆಂದರೆ ನಾಲ್ಕೈದು ಮನೆಗಳಿಗೆ ತೊಂದರೆಯಾದೀತು, ಇಂದುಮತಿಯನ್ನಾದರೂ ಎಚ್ಚರಿಸಬೇಕು ಎಂದುಕೊಂಡು ಅವಳ ಓಣಿಗೆ ಬಂದರು.

ಅವಳ ಬಾಗಿಲ ಮುಂದೆ ಹೊಸ ಯಂತ್ರ ಬೀದಿಯಲ್ಲಿ ನಿಂತಿತ್ತು, ಕಟ್ಟು ಕೂಡ ಬಿಚ್ಚದೆ. ಪಕ್ಕದ ಮನೆಯ ಮುಂದೆಯೂ ಒಂದು. ಎದುರು ಮನೆಯದೂ ಹೊರಗೆ. ಓಣಿಯುದ್ದಕ್ಕೂ ಜನ ಯಂತ್ರಗಳನ್ನು ಹೊರಗಿಟ್ಟು ಬಾಗಿಲು ಹಾಕಿಕೊಂಡಿದ್ದರು. ಹಂಚಿನಾಳರು ದಾರಿಯ ನಡುವೆ ನಿಂತುಬಿಟ್ಟರು. ಇಷ್ಟೊಂದು ಮನೆಗಳಲ್ಲೇ? ಮಸೀದಿ ದಾಟಿದರೂ ಅದೇ, ಸಂತೆ ದಾಟಿದರೂ ಅದೇ. ಇಡೀ ಊರು ಯಾರನ್ನೋ ಅಡಗಿಸಿಕೊಂಡು, ಒಂದು ಪಾಲನ್ನು ಇಬ್ಬರು ಕುಡಿದು ಬದುಕುತ್ತಿತ್ತು. ಅವರೊಬ್ಬರಿಗೇ ಗೊತ್ತಿರಲಿಲ್ಲ.

ಪ್ರಯೋಗಾಲಯದಲ್ಲೇ ಉಳಿಯುತ್ತಿದ್ದ ಅವರು ಎಷ್ಟೋ ವಾರಗಳ ಮೇಲೆ, ಬೆವರುತ್ತ, ತಮ್ಮ ಮನೆಗೆ ಬಂದರು. ಅಲ್ಲಿಯೂ ಮೆಟ್ಟಿಲ ಪಕ್ಕ, ಬಿಸಿಲಲ್ಲಿ, ಅವರದೇ ಯಂತ್ರ ನಿಂತಿತ್ತು.

ಬಾಗಿಲಲ್ಲಿ ಹೆಂಡತಿ ಪ್ರಭಾವತಿ. ಆ ಮನೆಯಿಂದ ಮಂಡಳಿಯ ಪಟ್ಟಿಯಲ್ಲಿದ್ದವರು ಅವರಿಬ್ಬರೇ. ಹಂಚಿನಾಳರು ಯಂತ್ರದತ್ತ ಬೆರಳು ಮಾಡಿದರು. ಅವಳು ಗಂಡನ ಮುಖವನ್ನು ಒಂದು ಗಳಿಗೆ ನೋಡಿ ಪಕ್ಕಕ್ಕೆ ಸರಿದಳು.

“ಒಳಗ ಬರ್ರಿ. ಮೆಲ್ಲಕ. ಕೂಸು ಈಗರ ಮಲಗೇತಿ.”